ಐಸ್ ಹಾಕಿಯಲ್ಲಿ ಹೆಣ್ಣುಮಕ್ಕಳ ನೌಕರಿ: ಸಂಬಳ, ಸ್ಕೇಟು ಮತ್ತು ನಲವತ್ತೈದು ಸೆಕೆಂಡು

ಟೊರಾಂಟೊ ಸುತ್ತಲಿನ ಬ್ರಾಂಪ್ಟನ್, ಮಿಸ್ಸಿಸಾಗಾ, ಮಿಲ್ಟನ್ ಕಡೆಯ ಕನ್ನಡ ಮನೆಗಳ ಹುಡುಗಿಯರೂ ಈಗ ಐಸ್ ಹಾಕಿಗೆ ಹೆಸರು ಕೊಡುತ್ತಿದ್ದಾರೆ. ಊರಿಂದ ಫೋನ್ ಮಾಡುವ ಅಜ್ಜಿ ತಾತಂದಿರು ಕೇಳುವುದು ಒಂದೇ ಪ್ರಶ್ನೆ: "ಅದರಲ್ಲಿ ಹೊಟ್ಟೆಪಾಡು ನಡೆಯುತ್ತಾ?" ನ್ಯಾಯವಾದ ಪ್ರಶ್ನೆಯೇ. ಹತ್ತು ವರ್ಷದ ಹಿಂದೆ ಕೇಳಿದ್ದರೆ ಇಲ್ಲ ಅಂತ ಒಂದೇ ಮಾತಲ್ಲಿ ಮುಗಿಸಬಹುದಿತ್ತು. ಈಗ ನಡೆಯುತ್ತದೆ. ಆದರೆ ಕೈಯಲ್ಲೊಂದು ಡಿಗ್ರಿ ಇಟ್ಟುಕೊಂಡೇ ಈ ನೌಕರಿಗೆ ಇಳಿಯಬೇಕು. ಯಾಕೆ ಅನ್ನುವುದಕ್ಕೆ ಲೆಕ್ಕ ಇಲ್ಲಿದೆ.

2007ರಲ್ಲಿ ಶುರುವಾದ ಕೆನಡಿಯನ್ ವಿಮೆನ್ಸ್ ಹಾಕಿ ಲೀಗ್ ಮೊದಲ ಹತ್ತು ವರ್ಷ ಸಂಬಳವನ್ನೇ ಕೊಡಲಿಲ್ಲ. 2017-18ರಲ್ಲಿ ಕೊಡಲು ಶುರು ಮಾಡಿದಾಗ ಸೀಸನ್‌ಗೆ 2,000ದಿಂದ 10,000 ಕೆನಡಿಯನ್ ಡಾಲರ್. 2019ರಲ್ಲಿ ಬಾಗಿಲು ಹಾಕಿತು. ಅಮೆರಿಕದಲ್ಲಿ 2015ರಲ್ಲಿ ಬಂದ ನ್ಯಾಷನಲ್ ವಿಮೆನ್ಸ್ ಹಾಕಿ ಲೀಗ್ ಕನಿಷ್ಠ 10,000 ಡಾಲರ್ ಅಂತ ಹೊರಟಿತು, ಎರಡನೇ ಸೀಸನ್‌ನ ನಡುವೆಯೇ ಸಂಬಳಕ್ಕೆ ಕತ್ತರಿ ಹಾಕಿತು. 2019ರ ಮೇ ತಿಂಗಳಲ್ಲಿ ಇನ್ನೂರಕ್ಕೂ ಹೆಚ್ಚು ಆಟಗಾರ್ತಿಯರು, ಬದುಕು ನಡೆಸುವಷ್ಟು ಸಂಬಳ ಮತ್ತು ಆರೋಗ್ಯ ವಿಮೆ ಕೊಡದ ಯಾವ ಲೀಗ್‌ನಲ್ಲೂ ಆಡುವುದಿಲ್ಲ ಎಂದು ಕೂತರು. ಆ ಹಠದ ಫಲ 2023ರಲ್ಲಿ ಹುಟ್ಟಿದ ಪಿಡಬ್ಲ್ಯುಎಚ್‌ಎಲ್, ಅಂದರೆ ಪ್ರೊಫೆಷನಲ್ ವಿಮೆನ್ಸ್ ಹಾಕಿ ಲೀಗ್. ಹಣ ಹಾಕಿದ್ದು ಅಮೆರಿಕದ ಸಿರಿವಂತ ಮಾರ್ಕ್ ವಾಲ್ಟರ್, ಜೊತೆಗೆ ಟೆನಿಸ್‌ನ ಬಿಲ್ಲಿ ಜೀನ್ ಕಿಂಗ್ ಬಳಗ. ಮೊದಲ ಪಂದ್ಯ 2024ರ ಜನವರಿ 1ರಂದು ಟೊರಾಂಟೊದಲ್ಲಿ ನಡೆಯಿತು. ಅದಕ್ಕಿಂತ ದೊಡ್ಡ ಸಂಗತಿ, ಪಂದ್ಯ ಇರಲಿ, ತಂಡಗಳೇ ಕಟ್ಟುವ ಮುಂಚೆ ಆಟಗಾರ್ತಿಯರ ಸಂಘ 2031ರ ಜುಲೈವರೆಗಿನ ಒಪ್ಪಂದಕ್ಕೆ ಸಹಿ ಹಾಕಿಸಿಕೊಂಡಿತ್ತು.

ಆ ಒಪ್ಪಂದದ ಅಂಕಿಗಳು ಅಮೆರಿಕನ್ ಡಾಲರ್‌ನಲ್ಲಿವೆ. ಮೊದಲ ವರ್ಷದ ಕನಿಷ್ಠ ಸಂಬಳ 35,000, ವರ್ಷಕ್ಕೆ ಶೇ. 3ರ ಏರಿಕೆ, 2025-26ಕ್ಕೆ ಅದು 37,131 ಆಯಿತು. ಒಂದು ತಂಡದಲ್ಲಿ 23 ಜನ. ಮೊದಲ ವರ್ಷ ತಂಡದ ಸರಾಸರಿ 55,000 ಇರಬೇಕಿತ್ತು, ಅಂದರೆ ಒಟ್ಟು 12,65,000. ಕನಿಷ್ಠ ಆರು ಮಂದಿಗೆ 80,000ಕ್ಕೆ ಕಡಿಮೆಯಿಲ್ಲದೆ ಮೂರು ವರ್ಷದ ಕರಾರು. ಅವರದೇ 4,80,000 ಹೋಯಿತು. ಕನಿಷ್ಠ ಸಂಬಳದವರು ಒಂಬತ್ತಕ್ಕಿಂತ ಹೆಚ್ಚಿರಬಾರದು. ಅಷ್ಟೂ ಜನ ಇದ್ದರೆ 3,15,000. ಉಳಿದ ಎಂಟು ಮಂದಿಗೆ ತಲಾ 58,750 ಬಂತು. ತಾರೆಗೆ ಲಕ್ಷ ಡಾಲರ್ ಕೊಟ್ಟರೆ ಕತ್ತರಿ ಬೀಳುವುದು ಈ ನಡುವಿನ ಎಂಟು ಮಂದಿಯ ಜೇಬಿಗೆ. ಏಳೆಂಟು ವರ್ಷ ಆಡಿ ಪಳಗಿದ ಮೂರನೇ ಸಾಲಿನ ಆಟಗಾರ್ತಿಯನ್ನು ತಂಡಗಳು ಸುಲಭವಾಗಿ ಕೈಬಿಟ್ಟು ಕನಿಷ್ಠ ಸಂಬಳದ ಹೊಸಬಳನ್ನು ತರುವುದಕ್ಕೆ ಆಟಕ್ಕಿಂತ ಈ ಕೂಡು-ಕಳೆ ಲೆಕ್ಕವೇ ಕಾರಣ.

35,000 ಡಾಲರನ್ನು ರೂಪಾಯಿಗೆ ಗುಣಿಸಿ ಹಿಗ್ಗಬೇಡಿ. ಬಾಸ್ಟನ್‌ನಲ್ಲೋ ವ್ಯಾಂಕೂವರ್‌ನಲ್ಲೋ ಬಾಡಿಗೆ ಕೊಟ್ಟು ತೆರಿಗೆ ಕಟ್ಟಿದ ಮೇಲೆ ಉಳಿಯುವುದು ಊಟಕ್ಕೆ, ಬಸ್ಸಿಗೆ. ತಿಂಗಳಿಗೆ 1,500 ಡಾಲರ್ ಮನೆ ಭತ್ಯೆ ಇರುವುದರಿಂದಲೇ ಇದು ನೌಕರಿ ಅನ್ನಿಸಿಕೊಳ್ಳುವುದು. ಇಬ್ಬರು ಸೇರಿ ಮನೆ ಹಿಡಿದರೆ ಒಂದಿಷ್ಟು ಉಳಿತಾಯವೂ ಆಗುತ್ತದೆ. ಇನ್ನೊಂದು ಮಾತು: 2025-26ರಲ್ಲಿ ಲೀಗ್‌ನಲ್ಲಿದ್ದದ್ದು ಎಂಟು ತಂಡ. ಇಡೀ ಖಂಡಕ್ಕೆ 184 ನೌಕರಿ. ಅದಕ್ಕೆ ಫಿನ್‌ಲ್ಯಾಂಡ್, ಚೆಕಿಯಾ, ಸ್ವೀಡನ್‌ನವರೂ ಸಾಲಿನಲ್ಲಿ ನಿಂತಿದ್ದಾರೆ. ಪೂರ್ಣ ಕರಾರು ಸಿಗದವರು ರಿಸರ್ವ್ ಆಗಿ ಸೇರಿ ತಂಡದ ಜೊತೆ ಅಭ್ಯಾಸ ಮಾಡುತ್ತಾ, ಯಾರಿಗಾದರೂ ಗಾಯವಾದಾಗ ಹತ್ತು ದಿನದ ಕರಾರಿಗೆ ಕಾಯುತ್ತಾರೆ. ಅಲ್ಲೂ ಆಗದಿದ್ದರೆ ಸ್ವೀಡನ್‌ನ ಎಸ್‌ಡಿಎಚ್‌ಎಲ್‌ನಂಥ ಯುರೋಪಿನ ಲೀಗ್‌ಗಳಿವೆ.

ಡಿಗ್ರಿ ಬರುವುದು ಇಲ್ಲಿ. ಹುಡುಗರಂತೆ ಹದಿನೆಂಟಕ್ಕೇ ದುಡ್ಡಿನ ಲೀಗ್‌ಗೆ ಹಾರುವ ದಾರಿ ಹುಡುಗಿಯರಿಗೆ ಹೆಚ್ಚುಕಡಿಮೆ ಇಲ್ಲ; ಅಮೆರಿಕದ ಕಾಲೇಜು ಹಾಕಿಯೇ ಅವರ ಗರಡಿ. ಲೀಗ್‌ನ ತಾರೆಯರು ಓದಿದ್ದೆಲ್ಲಿ ನೋಡಿ: ಮಾರಿ-ಫಿಲಿಪ್ ಪುಲಾಂ ಬಾಸ್ಟನ್ ಯೂನಿವರ್ಸಿಟಿ, ಹಿಲರಿ ನೈಟ್ ವಿಸ್ಕಾನ್ಸಿನ್, ತಂಡಗಳು ಸರದಿಯಂತೆ ಆಟಗಾರ್ತಿಯರನ್ನು ಆರಿಸಿಕೊಳ್ಳುವ ಡ್ರಾಫ್ಟ್‌ನಲ್ಲಿ 2023ರಲ್ಲಿ ಮೊದಲು ಕರೆಯಿಸಿಕೊಂಡ ಟೇಲರ್ ಹೈಸಿ ಮಿನೆಸೋಟ, ಮರುವರ್ಷ ಮೊದಲು ಕರೆಯಿಸಿಕೊಂಡ ಸಾರಾ ಫಿಲಿಯರ್ ಪ್ರಿನ್ಸ್‌ಟನ್. ಪ್ರಿನ್ಸ್‌ಟನ್, ಹಾರ್ವರ್ಡ್‌ನಂಥ ಐವಿ ಲೀಗ್ ಕಾಲೇಜುಗಳು ಆಟಕ್ಕಾಗಿ ಸ್ಕಾಲರ್‌ಶಿಪ್ ಕೊಡುವುದಿಲ್ಲ. ಮನೆಯ ಆದಾಯ ನೋಡಿ ನೆರವು ಕೊಡುತ್ತವೆ. ಮಿಕ್ಕ ದೊಡ್ಡ ಕಾಲೇಜುಗಳು ಆಟಕ್ಕೇ ಕೊಡುತ್ತವೆ.

ಕೆನಡಾದಲ್ಲಿರುವ ನಮ್ಮವರು ಎಡವುವುದು ಐಸಿನ ಮೇಲಲ್ಲ, ಶಾಲೆಯ ಕೋರ್ಸ್ ಆಯ್ಕೆಯಲ್ಲಿ. ಅಮೆರಿಕದ ಕಾಲೇಜು ಕ್ರೀಡೆ ನೋಡಿಕೊಳ್ಳುವ ಸಂಸ್ಥೆ ಎನ್‌ಸಿಎಎಯ ಮೊದಲ ದರ್ಜೆಯ ಕಾಲೇಜಿಗೆ 9ರಿಂದ 12ನೇ ಗ್ರೇಡ್‌ವರೆಗೆ 16 ಮೂಲ ಕೋರ್ಸ್ ಬೇಕು. ಅದರಲ್ಲಿ 10 ಕೊನೆಯ ವರ್ಷ ಶುರುವಾಗುವ ಮುಂಚೆಯೇ ಮುಗಿದಿರಬೇಕು, ಆ ಹತ್ತರಲ್ಲಿ ಏಳು ಇಂಗ್ಲಿಷ್, ಗಣಿತ, ವಿಜ್ಞಾನದವಾಗಿರಬೇಕು. ಶಾಲೆ ಕಲಿಸುವ ಎಲ್ಲ ಕೋರ್ಸೂ ಈ ಲೆಕ್ಕಕ್ಕೆ ಬರುವುದಿಲ್ಲ. ಟೂರ್ನಮೆಂಟ್ ಜಾಸ್ತಿ ಅಂತ ಸುಲಭದ ಗಣಿತ ತೆಗೆದುಕೊಂಡ ಹುಡುಗಿ 11ರಲ್ಲಿ ಕೋಚ್ ಫೋನ್ ಮಾಡಿದಾಗ ಕೈಕೈ ಹಿಸುಕಿಕೊಳ್ಳುತ್ತಾಳೆ. ಆ ಮೊದಲ ಹತ್ತನ್ನು ಆಮೇಲೆ ತಿದ್ದಲು ಬರುವುದಿಲ್ಲ. 9ನೇ ಗ್ರೇಡ್‌ಗೆ ಮುಂಚೆಯೇ ಶಾಲೆಯ ಅನುಮೋದಿತ ಕೋರ್ಸ್ ಪಟ್ಟಿ ನೋಡಿ.

ಇನ್ನು ಆಟ. ಕೊಡಗಿನ ಮೈದಾನಗಳಲ್ಲಿ ಹಾಕಿ ನೋಡಿದವರಿಗೆ ಮೊದಲು ವಿಚಿತ್ರ ಅನ್ನಿಸುವುದು ಆಟಗಾರ್ತಿ ಐಸಿನ ಮೇಲೆ ಇರುವ ಹೊತ್ತು: ಒಂದು ಸಲಕ್ಕೆ ನಲವತ್ತೈದು ಸೆಕೆಂಡ್ ಆಸುಪಾಸು. ಅದನ್ನು ಶಿಫ್ಟ್ ಅನ್ನುತ್ತಾರೆ. ಪೂರಾ ವೇಗದಲ್ಲಿ ಮುಕ್ಕಾಲು ನಿಮಿಷ ಓಡಿದರೆ ತೊಡೆ ಉರಿಯತೊಡಗುತ್ತದೆ, ಒಂದು ನಿಮಿಷ ದಾಟಿದರೆ ಕಾಲು ಮಾತು ಕೇಳುವುದಿಲ್ಲ. ಆಮೇಲೆ ಒಂದೂವರೆ ಎರಡು ನಿಮಿಷ ಬೆಂಚು, ಮತ್ತೆ ಐಸು. ಪಂದ್ಯ 20 ನಿಮಿಷದ ಮೂರು ಭಾಗ. ಆಟ ನಿಲ್ಲಿಸದೆಯೇ ಬದಲಾಗಬೇಕು. ಒಬ್ಬಳು ಬೆಂಚಿಗೆ ಐದು ಅಡಿ ಹತ್ತಿರ ಬರುವ ಮುಂಚೆ ಇನ್ನೊಬ್ಬಳು ಇಳಿದು ಆಟಕ್ಕೆ ಕೈ ಹಾಕಿದರೆ ಎರಡು ನಿಮಿಷದ ಶಿಕ್ಷೆ: ಒಬ್ಬಳು ಹೊರಗೆ ಕೂರಬೇಕು, ತಂಡ ಒಬ್ಬಳು ಕಡಿಮೆಯಾಗಿ ಆಡಬೇಕು.

ಎರಡನೇ ಭಾಗವನ್ನು ಗಮನವಿಟ್ಟು ನೋಡಿ. ತಂಡಗಳು ಬದಿ ಬದಲಿಸುತ್ತವೆ, ಬೆಂಚು ಮಾತ್ರ ಇದ್ದಲ್ಲೇ ಇರುತ್ತದೆ. ಹಾಗಾಗಿ ತಮ್ಮ ಗೋಲಿನ ಮುಂದೆ ಕಾಯುತ್ತಿರುವ ಡಿಫೆಂಡರ್‌ಗಳಿಗೆ ಬೆಂಚು ದೂರವಾಗುತ್ತದೆ. ಎದುರಾಳಿಗಳು ಪಕ್ (ಚೆಂಡಿನ ಬದಲು ಬಳಸುವ ರಬ್ಬರ್ ಬಿಲ್ಲೆ) ಬಿಡದೆ ಸುತ್ತುತ್ತಿದ್ದರೆ ಅವರು ಬದಲಾಗಲಾರರು. ಐವತ್ತು, ಅರವತ್ತು, ಎಪ್ಪತ್ತು ಸೆಕೆಂಡ್. ಪಕ್ಕನ್ನು ಆ ತುದಿಗೆ ಬೀಸಿ ಒಗೆದು ಉಸಿರು ಬಿಡೋಣವೆಂದರೆ ಅದು ಐಸಿಂಗ್ ಆಗುತ್ತದೆ: ನಡುಗೆರೆಯ ಈಚೆಯಿಂದ ಹೊಡೆದ ಪಕ್ ಯಾರಿಗೂ ತಾಗದೆ ಎದುರಿನ ಗೋಲ್ ಗೆರೆ ದಾಟಿದರೆ ಆಟ ಮತ್ತೆ ಇವರ ಗೋಲಿನ ಹತ್ತಿರವೇ ಶುರು, ಅದೂ ದಣಿದ ಅದೇ ಐವರ ಜೊತೆ. ಎರಡನೇ ಭಾಗದ ಬಹಳಷ್ಟು ಗೋಲುಗಳು ಹುಟ್ಟುವುದು ಈ ಬಲೆಯಲ್ಲಿ. ಕೋಚ್‌ಗಳು ಹೊಸಬರಿಗೆ ಹೇಳುವ ಮದ್ದು ಸರಳ: ಪಕ್ಕನ್ನು ನಡುಗೆರೆಯವರೆಗೆ ತಂದು ಆಮೇಲೆ ಒಗೆಯಿರಿ, ಮೊದಲು ಬೆಂಚಿಗೆ ಹೋಗಬೇಕಾದವಳು ಗೋಲಿನಿಂದ ಅತಿ ದೂರದಲ್ಲಿರುವವಳು. ಪಿಡಬ್ಲ್ಯುಎಚ್‌ಎಲ್ ಎರಡನೇ ಸೀಸನ್‌ನಿಂದ ಇದಕ್ಕೆ ಇನ್ನೊಂದು ಬಿಗಿ ಸೇರಿಸಿತು: ತಪ್ಪು ಮಾಡಿ ಶಿಕ್ಷೆ ಪಡೆದ ತಂಡ ಆಟ ಮತ್ತೆ ಶುರುವಾಗುವವರೆಗೆ ಯಾರನ್ನೂ ಬದಲಿಸುವಂತಿಲ್ಲ. ಅದೇ ಲೀಗ್‌ನ ಇನ್ನೊಂದು ನಿಯಮದಲ್ಲಿ, ಒಬ್ಬಳು ಕಡಿಮೆಯಿದ್ದಾಗಲೂ ಗೋಲು ಹೊಡೆದರೆ ಶಿಕ್ಷೆಯಲ್ಲಿ ಕೂತವಳು ಆಚೆ ಬರುತ್ತಾಳೆ. ಆಟಕ್ಕೆ ಮಸಾಲೆ ಕೊಟ್ಟದ್ದು ಈ ಎರಡನೆಯದೇ.

ಸ್ಕೇಟಿನ ಬ್ಲೇಡ್ ಚಾಕುವಿನಂತೆ ಒಂದೇ ಅಲಗಿನದಲ್ಲ. ತಳದ ಉದ್ದಕ್ಕೂ ಒಂದು ತೋಡು, ಅದರ ಎರಡು ಬದಿ ಎರಡು ಅಂಚು. ಆ ತೋಡಿನ ವೃತ್ತದ ತ್ರಿಜ್ಯವನ್ನು ಇಂಚಿನಲ್ಲಿ ಹೇಳುತ್ತಾರೆ: ಅರ್ಧ ಇಂಚು ಸಾಮಾನ್ಯ. ಅಂಕಿ ಚಿಕ್ಕದಾದಷ್ಟೂ ತೋಡು ಆಳ, ಕಚ್ಚುವುದು ಜಾಸ್ತಿ, ಜಾರುವುದು ಕಡಿಮೆ. ತೂಕ ಕಡಿಮೆ ಇರುವವಳಿಗೆ ಅಂಚು ತಾನಾಗಿ ಐಸಿಗೆ ಇಳಿಯದ ಕಾರಣ ತುಸು ಆಳ ಬೇಕಾಗುತ್ತದೆ. ಭಾರದವಳಿಗೆ ಎಂಟನೇ ಐದು (5/8) ಇಂಚು ಸಾಕು. ಕೆಟ್ಟ ಸಾಣೆಯ ಗುರುತು, ಒಂದು ಅಂಚು ಎತ್ತರ, ಇನ್ನೊಂದು ತಗ್ಗು. ಬ್ಲೇಡಿನ ಮೇಲೆ ಅಡ್ಡಲಾಗಿ ಒಂದು ನಾಣ್ಯ ಇಟ್ಟರೆ ವಾಲುವುದು ಕಾಣುತ್ತದೆ. ಹಾಗಿದ್ದಾಗ ಒಂದು ಕಡೆಗೆ ತಿರುಗುವುದು ಸಲೀಸು, ಇನ್ನೊಂದು ಕಡೆ ಕಾಲು ಜಾರುತ್ತದೆ. ಹುಡುಗಿ ತನ್ನ ಕಾಲನ್ನೇ ಬೈದುಕೊಳ್ಳುತ್ತಿರುತ್ತಾಳೆ. ಗಟ್ಟಿ ಪ್ಲಾಸ್ಟಿಕ್ ಕವಚದಲ್ಲಿ ಒದ್ದೆ ಬ್ಲೇಡ್ ಇಟ್ಟು ಮನೆಗೆ ತಂದರೆ ಬೆಳಗ್ಗೆ ತುಕ್ಕು. ಒರೆಸಿ ಬಟ್ಟೆ ಚೀಲ ಹಾಕಬೇಕು. ಲೀಗ್‌ನಲ್ಲಿ ಇದೆಲ್ಲ ಸಲಕರಣೆ ಮ್ಯಾನೇಜರ್ ಕೆಲಸ. ಆಟದ ನಡುವೆ ಅಂಚು ಹೋದರೆ ಬೆಂಚಿನಲ್ಲೇ ಸ್ಟೀಲ್ ಕಳಚಿ ಇನ್ನೊಂದನ್ನು ಕ್ಷಣದಲ್ಲಿ ಕೂರಿಸುತ್ತಾರೆ. ಬೂಟು ಮಾಮೂಲು ಶೂಗಿಂತ ಒಂದು, ಒಂದೂವರೆ ಸೈಜ್ ಚಿಕ್ಕದೇ ಇರಬೇಕು. ಬೆಳೆಯುವ ಮಗು ಅಂತ ದೊಡ್ಡದು ಕೊಡಿಸುವ ನಮ್ಮ ಅಭ್ಯಾಸ ಇಲ್ಲಿ ನಡೆಯದು, ಹಿಮ್ಮಡಿ ಅಲ್ಲಾಡಿದರೆ ಅಂಚಿನ ಮೇಲೆ ಹಿಡಿತವೇ ಇರುವುದಿಲ್ಲ.

ಸ್ಟಿಕ್‌ನ ಮೇಲೆ ಬರೆದ ಫ್ಲೆಕ್ಸ್ ಅಂಕಿ, ಅದನ್ನು ಒಂದು ಇಂಚು ಬಗ್ಗಿಸಲು ಎಷ್ಟು ಪೌಂಡ್ ಬಲ ಬೇಕು ಎಂಬುದು. ಮೈತೂಕದ ಅರ್ಧ ಅನ್ನುವುದು ರೂಢಿಯ ಲೆಕ್ಕ: 150 ಪೌಂಡಿನವಳಿಗೆ 75. ಉದ್ದ ಹೆಚ್ಚಾಯಿತು ಅಂತ ಮೇಲೆ ಕತ್ತರಿಸಿದರೆ ಸ್ಟಿಕ್ ಇನ್ನೂ ಬಿರುಸಾಗುತ್ತದೆ, ಹೊಡೆತಕ್ಕೆ ಚಿಮ್ಮುವುದಿಲ್ಲ. ಪಕ್ 156ರಿಂದ 170 ಗ್ರಾಂ ರಬ್ಬರ್, ಪುಟಿಯದಿರಲೆಂದು ಪಂದ್ಯಕ್ಕೆ ಮುಂಚೆ ಫ್ರೀಜರ್‌ನಲ್ಲಿಡುತ್ತಾರೆ.

ಕಾಲೇಜಿನಿಂದ ಬಂದವರಿಗೆ ದೊಡ್ಡ ಆಘಾತ ಮೈತಾಕಿನದು. ಕಾಲೇಜು ಮಟ್ಟದಲ್ಲಿ ಬಾಡಿಚೆಕ್, ಅಂದರೆ ಎದುರಾಳಿಗೆ ಮೈಯಿಂದ ಗುದ್ದುವುದು, ನಿಷಿದ್ಧ. ಪಿಡಬ್ಲ್ಯುಎಚ್‌ಎಲ್‌ನಲ್ಲಿ ಪಕ್‌ಗಾಗಿ ಹೋರಾಡುವಾಗ ಬೋರ್ಡಿನ (ಐಸಿನ ಸುತ್ತಲಿನ ಗೋಡೆ) ಹತ್ತಿರ ಬಹಳಷ್ಟನ್ನು ಬಿಡುತ್ತಾರೆ. ಅಪಾಯ ಇರುವುದು ಬೋರ್ಡಿಗೆ ಅಂಟಿಕೊಂಡಾಗಲ್ಲ, ಅದರಿಂದ ಮೂರು ನಾಲ್ಕು ಅಡಿ ದೂರ, ಬೆನ್ನು ಕೊಟ್ಟು ನಿಂತಾಗ. ಹಿಂದಿನಿಂದ ತಳ್ಳು ಬಿದ್ದರೆ ತಲೆಯೇ ಮೊದಲು ಹೋಗಿ ಬಡಿಯುತ್ತದೆ. ಕಾನ್ಕಷನ್ (ತಲೆಗೆ ಪೆಟ್ಟು ಬಿದ್ದು ಮಿದುಳು ಅಲುಗುವುದು) ಆದರೆ ಹಂತ ಹಂತವಾಗಿ ಮರಳಬೇಕು, ಹಂತಕ್ಕೆ ಕನಿಷ್ಠ ಒಂದು ದಿನ, ತಲೆನೋವು ಮರುಕಳಿಸಿದರೆ ಒಂದು ಹಂತ ಹಿಂದಕ್ಕೆ. ಮೊಣಕಾಲಿನ ಎಸಿಎಲ್ ಎಂಬ ಕಟ್ಟುನಾರು ಹರಿದರೆ ಇಡೀ ಸೀಸನ್ನೇ ಕೈಬಿಟ್ಟು ಹೋಗಬಹುದು. ಮೊದಲ ಸೀಸನ್‌ನಲ್ಲಿ 24 ಪಂದ್ಯಕ್ಕೆ 20 ಗೋಲು ಹೊಡೆದು ಅತ್ಯುತ್ತಮ ಆಟಗಾರ್ತಿ ಆದ ನಟಾಲಿ ಸ್ಪೂನರ್‌ಗೆ ಪ್ಲೇಆಫ್‌ನಲ್ಲಿ ಮೊಣಕಾಲು ಹೋಯಿತು; ಮತ್ತೆ ಐಸಿಗೆ ಇಳಿದದ್ದು 2025ರ ಫೆಬ್ರವರಿಯಲ್ಲಿ. ಕಣ್ಣಿಗೆ ಕಾಣದ ತೊಂದರೆ ಇನ್ನೊಂದಿದೆ: ಸಾಕಷ್ಟು ಉಣ್ಣದೆ ದುಡಿದರೆ ಮುಟ್ಟು ನಿಲ್ಲುತ್ತದೆ, ಮೂಳೆ ಸವೆಯುತ್ತದೆ, ಕಬ್ಬಿಣದಂಶ ಇಳಿಯುತ್ತದೆ. ಸಸ್ಯಾಹಾರಿ ಮನೆಯ ಹುಡುಗಿಯರಿಗೆ ಹಿಮೋಗ್ಲೋಬಿನ್ ಒಂದೇ ನೋಡಿದರೆ ಸಾಲದು, ಮೈಯಲ್ಲಿ ಕೂಡಿಟ್ಟ ಕಬ್ಬಿಣ ತೋರಿಸುವ ಫೆರಿಟಿನ್ ಪರೀಕ್ಷೆಯನ್ನೂ ಮಾಡಿಸುವುದು ಒಳ್ಳೆಯದು.

ಮದುವೆ, ಮಕ್ಕಳಾದರೆ ಆಟ ಮುಗಿಯಿತು ಅನ್ನುವ ಮಾತನ್ನು ಕೆಂಡಲ್ ಕೊಯ್ನ್ ಸ್ಕೋಫೀಲ್ಡ್ ಸುಳ್ಳು ಮಾಡಿದ್ದಾರೆ: 2023ರ ಜುಲೈನಲ್ಲಿ ಹೆರಿಗೆ, ಜನವರಿಯಲ್ಲಿ ಮಿನೆಸೋಟದ ನಾಯಕಿ, ಆ ವರ್ಷವೂ ಮುಂದಿನ ವರ್ಷವೂ ಕಪ್. ಬಸುರಿ ಬಾಣಂತಿಯರ ರಕ್ಷಣೆ ಒಪ್ಪಂದದಲ್ಲೇ ಇದೆ. ಆದರೆ ಊರು ಮಾತ್ರ ನಿಮ್ಮ ಕೈಯಲ್ಲಿಲ್ಲ. 2025ರಲ್ಲಿ ಸಿಯಾಟಲ್, ವ್ಯಾಂಕೂವರ್ ಸೇರಿದಾಗ ಹಳೆಯ ಆರೂ ತಂಡಗಳು ತಲಾ ನಾಲ್ವರನ್ನು ಬಿಟ್ಟುಕೊಡಬೇಕಾಯಿತು. ಬಾಸ್ಟನ್ ನಾಯಕಿ ಹಿಲರಿ ನೈಟ್ ಕೂಡ ಖಂಡದ ಇನ್ನೊಂದು ತುದಿಯ ಸಿಯಾಟಲ್‌ಗೆ ಹೋದರು. ಗಂಡನ ನೌಕರಿ, ಮಗುವಿನ ಶಾಲೆ ಇದ್ದವರಿಗೆ ಸಂಬಳಕ್ಕಿಂತ ಇದು ಕಷ್ಟ. ಆಟ ಬಿಟ್ಟ ಮೇಲಿನ ದಾರಿಯನ್ನು ಜಾಣೆಯರು ಆಡುವಾಗಲೇ ಹಾಕಿಕೊಳ್ಳುತ್ತಾರೆ. ಪುಲಾಂ 2022ರಿಂದ ಮಾಂಟ್ರಿಯಲ್ ಕೆನೇಡಿಯನ್ಸ್ ಪುರುಷರ ತಂಡಕ್ಕೆ ಆಟಗಾರರನ್ನು ತಿದ್ದುವ ಸಲಹೆಗಾರ್ತಿ.

ಭಾರತದಲ್ಲಿ ಈ ಆಟದ ತವರು ಲಡಾಖ್. ರಾಷ್ಟ್ರೀಯ ಮಹಿಳಾ ತಂಡದ ಬಹುಪಾಲು ಅಲ್ಲಿಯವರೇ. 2016ರಲ್ಲಿ ಮೊದಲ ಅಂತರರಾಷ್ಟ್ರೀಯ ಟೂರ್ನಿ ಆಡಿ, 2017ರಲ್ಲಿ ಬ್ಯಾಂಕಾಕ್‌ನಲ್ಲಿ ಫಿಲಿಪ್ಪೀನ್ಸ್ ವಿರುದ್ಧ ಮೊದಲ ಗೆಲುವು ಕಂಡ ತಂಡ 2025ರಲ್ಲಿ ಯುಎಇಯ ಏಷ್ಯಾ ಕಪ್‌ನಲ್ಲಿ ಕಂಚು ಗೆದ್ದಿತು. ಬೆಂಗಳೂರು, ಮೈಸೂರಿನಲ್ಲಿ ರೋಲರ್ ಸ್ಕೇಟಿಂಗ್ ಕಲಿತ ಮಕ್ಕಳಿಗೆ ಅರ್ಧ ದಾರಿ ಮುಗಿದಿರುತ್ತದೆ: ಸಮತೋಲ, ದಾಪುಗಾಲು, ಸ್ಟಿಕ್ ಹಿಡಿತ ಎಲ್ಲ ಉಪಯೋಗಕ್ಕೆ ಬರುತ್ತದೆ. ನಿಲ್ಲುವುದೊಂದು ಬರುವುದಿಲ್ಲ. ಐಸಿನಲ್ಲಿ ಎರಡೂ ಬ್ಲೇಡ್ ಅಡ್ಡ ತಿರುಗಿಸಿ, ಮಂಡಿ ಬಗ್ಗಿಸಿ, ಐಸನ್ನು ಕೆರೆದು ನಿಲ್ಲಬೇಕು. ಚಕ್ರದಲ್ಲಿ ಹಾಗೆ ತಿರುಗಿಸಿದರೆ ಮುಗ್ಗರಿಸುತ್ತಾರೆ, ಆ ಭಯ ಕಾಲಿನಲ್ಲಿ ಕೂತಿರುತ್ತದೆ. ಮೊದಲ ತಿಂಗಳು ಬೇರೇನೂ ಬೇಡ, ಬಲಕ್ಕೂ ಎಡಕ್ಕೂ ನಿಲ್ಲುವುದನ್ನೇ ಕಲಿಸಿ. ಒಂದೇ ಬದಿಗೆ ನಿಲ್ಲಲು ಬರುವವರನ್ನು ಎದುರಾಳಿ ಎರಡನೇ ಶಿಫ್ಟ್‌ನಲ್ಲೇ ಪತ್ತೆಹಚ್ಚುತ್ತಾಳೆ.