ಎಡಗೈ ಮಹಿಮೆ

"ನೋಡಿದ್ಯಾ? ಎಡಗೈ!"

2025ರ ಡಿಸೆಂಬರ್‌ನ ಆ ಶನಿವಾರದಿಂದ ನಮ್ಮ ಭಾವನ ಬಾಯಲ್ಲಿ ಇದೊಂದೇ ಮಾತು. ವಿಶಾಖಪಟ್ಟಣದ ಕ್ರಿಕೆಟ್ ಪಂದ್ಯದಲ್ಲಿ ನಮ್ಮ ನಾಯಕ ಕೆ.ಎಲ್. ರಾಹುಲ್ ನಾಣ್ಯವನ್ನು ಎಡಗೈಯಲ್ಲಿ ಚಿಮ್ಮಿದ, ಟಾಸ್ ಗೆದ್ದ, ಮುಷ್ಟಿ ಬಿಗಿದು ಖುಷಿಪಟ್ಟ. 2023ರ ವಿಶ್ವಕಪ್ ಫೈನಲ್‌ನಿಂದ ಸತತ 20 ಏಕದಿನ ಪಂದ್ಯಗಳಲ್ಲಿ ಟಾಸ್ ಸೋತಿದ್ದೆವು, ಖುಷಿಪಡದೆ ಇನ್ನೇನು ಮಾಡುತ್ತಾನೆ? ಆದರೆ ಭಾವನ ಪ್ರಕಾರ ಗೆದ್ದಿದ್ದು ರಾಹುಲ್ ಅಲ್ಲ, ಕೈ.

ಭಾವ ಒಳ್ಳೆಯವರು. ಬ್ಯಾಂಕ್ ಕೆಲಸ, ಲೆಕ್ಕದಲ್ಲಿ ಗಟ್ಟಿಗರು. ಆದರೆ ಇವರು ಸೋಫಾದಿಂದ ಎದ್ದರೆ ವಿಕೆಟ್ ಬೀಳುತ್ತದೆ ಅಂತ ನೀರು ಕುಡಿಯುವುದಕ್ಕೂ ಏಳುವುದಿಲ್ಲ. ಅಕ್ಕನೇ ತಂದುಕೊಡಬೇಕು.

"ಭಾವ, ನಾಣ್ಯ ಚಿಮ್ಮೋದು ಆತಿಥೇಯ ನಾಯಕ. ಹೆಡ್ಸೋ ಟೇಲ್ಸೋ ಅಂತ ಕೂಗೋದು ಎದುರಿನವನು. ಆಸ್ಟ್ರೇಲಿಯಾದಲ್ಲಿ ಚಿಮ್ಮಿದ್ದು ಅವರ ನಾಯಕ, ಅಲ್ವಾ? ಅಲ್ಲೂ ಸೋತ್ವಲ್ಲ, ಅದು ಯಾವ ಕೈಯ ತಪ್ಪು?"

ಒಂದು ಗುಟುಕು ಕಾಫಿ ಇಳಿಯುವಷ್ಟು ಹೊತ್ತು ಯೋಚಿಸಿದರು. "ಅಲ್ಲಿ ಬಾಯಿ ಸರಿ ಇರ್ಲಿಲ್ಲ."

ಇದಕ್ಕೆ ಏನು ಹೇಳೋದು? ಬಸ್ಸಿನಲ್ಲಿ, ಸ್ನಾನದ ಮನೆಯಲ್ಲಿ, ಎಲ್ಲೆಂದರಲ್ಲಿ ನೆನಪಾಗಿ ಒಬ್ಬನೇ ನಗುತ್ತಿದ್ದೇನೆ. ಬಾಯಿ ಸರಿ ಇರಲಿಲ್ಲವಂತೆ!

ಸತತ 20 ಸಲ ಸೋಲುವುದು ಸುಮಾರು ಹತ್ತು ಲಕ್ಷಕ್ಕೆ ಒಂದರ ಮಾತು, ನಿಜ. ಆದರೆ 20 ಸೋತ ಮೇಲೂ 21ನೆಯದು ಫಿಫ್ಟಿ-ಫಿಫ್ಟಿನೇ. ಹಿಂದಿನದ್ದೆಲ್ಲ ನಾಣ್ಯಕ್ಕೇನು ಗೊತ್ತು? 1913ರಲ್ಲಿ ಮಾಂಟೆ ಕಾರ್ಲೋ ಕ್ಯಾಸಿನೋದಲ್ಲಿ, ಕೆಂಪು-ಕಪ್ಪು ಮನೆಗಳ ಜೂಜಿನ ಚಕ್ರ ರೂಲೆಟ್‌ನಲ್ಲಿ, ಚೆಂಡು ಸತತ 26 ಸಲ ಕಪ್ಪಿನ ಮೇಲೇ ನಿಂತಿತು. ಇನ್ನು ಕೆಂಪು ಬರಲೇಬೇಕು ಅಂತ ಪ್ರತಿ ಸುತ್ತಿಗೂ ದುಡ್ಡು ಸುರಿದವರು ಮುಳುಗಿದರು. ಭಾವನೂ ಪ್ರತಿ ಟಾಸ್‌ಗೂ "ಈ ಸಲ ನಮ್ಮದೇ" ಅನ್ನುತ್ತಿದ್ದವರು. ಸುಳ್ಳಾಗಿದ್ದು ಒಂದೂ ನೆನಪಿಲ್ಲ. ಶನಿವಾರದ್ದು ಮಾತ್ರ "ನಾನು ಅವತ್ತೇ ಹೇಳಿರ್ಲಿಲ್ವಾ?"

ಕ್ರಿಕೆಟ್ ಆದರೆ ನಕ್ಕು ಬಿಡಬಹುದು. ಮಗಳಿಗೆ ಗಂಡು ಕುದುರುತ್ತಿಲ್ಲ ಅಂತ ಇದೇ ಭಾವ ವಾಸ್ತು ಹೇಳುವವನ ಮಾತು ಕೇಳಿ, ಚೆನ್ನಾಗಿದ್ದ ಮುಂಬಾಗಿಲನ್ನು ಒಡೆಸಿ ಪೂರ್ವಕ್ಕೆ ಇಡಿಸಿದರು. ಸಾಲ ಮಾಡಿ! ಗೋಡೆಯ ತೇಪೆ ಈಗಲೂ ಕಾಣುತ್ತದೆ. ಮುಂದಿನ ಯುಗಾದಿಯೊಳಗೆ ಮದುವೆ ಗೊತ್ತಾಯಿತು. ಹುಡುಗ ಅವಳ ಆಫೀಸಿನವನೇ, ಬಾಗಿಲು ಒಡೆಯುವ ಮುಂಚಿನಿಂದಲೂ ಓಡಾಟವಿತ್ತು. ಆ ಯಶಸ್ಸೂ ಬಾಗಿಲಿನ ಖಾತೆಗೇ ಜಮಾ.

ಮೊನ್ನೆ ಎಡಗೈ ಪುರಾಣ ಮುಗಿದ ಮೇಲೆ ಅವಳನ್ನೇ ಕೇಳಿದೆ, ಅಪ್ಪನಿಗೆ ನಿಜ ಹೇಳಬಾರದಾ ಅಂತ.

"ಸುಮ್ನಿರು ಮಾಮ. ಬಾಗಿಲು ತಂದ ಅಳಿಯ ಅಂತಲೇ ಅಪ್ಪ ಜಾತಿ ಕೇಳ್ಲಿಲ್ಲ."