ಬೋರ್ಯೆ ಸಾಲ್ಮಿಂಗ್, 21ನೇ ನಂಬರ್

2022ರ ನವೆಂಬರ್ 11, ಶುಕ್ರವಾರ. ಟೊರಾಂಟೊದಲ್ಲಿ ನಮ್ಮ ಪಕ್ಕದ ಮನೆಯ ತಾತನ ಜೊತೆ ಟಿವಿ ಮುಂದೆ ಕೂತಿದ್ದೆ. ಊರಿನ ತಂಡ ಮೇಪಲ್ ಲೀಫ್ಸ್ ಮತ್ತು ಪಿಟ್ಸ್‌ಬರ್ಗ್ ನಡುವಿನ ಐಸ್ ಹಾಕಿ ಪಂದ್ಯ. ಆಟ ಶುರುವಾಗುವ ಮುಂಚೆ ಐಸ್ ಮೇಲೆ ಮೂರು ಜನ ಬಂದು ನಿಂತರು. ನಡುವೆ ನಿಂತಿದ್ದವರು ತುಂಬಾ ಸೊರಗಿದ್ದರು, ಮಾತಾಡೋಕೆ ಆಗ್ತಿರಲಿಲ್ಲ, ಕೈ ಎತ್ತೋಕೂ ಆಗ್ತಿರಲಿಲ್ಲ. ಇಡೀ ಅರೀನಾ ಎದ್ದು ನಿಂತು ಚಪ್ಪಾಳೆ ಹೊಡೀತಿತ್ತು. ಪಕ್ಕದಲ್ಲಿದ್ದ ಬಿಳಿ ಕೂದಲಿನ ಗೆಳೆಯ ಅವರ ಕೈಯನ್ನು ಹಿಡಿದು ಮೆಲ್ಲಗೆ ಮೇಲಕ್ಕೆತ್ತಿದರು, ಜನರಿಗೆ ಕೈ ಬೀಸಲಿ ಅಂತ. ಎತ್ತಿದವರೂ ಅಳ್ತಿದ್ದರು. ತಿರುಗಿ ನೋಡಿದರೆ ನಮ್ಮ ತಾತನ ಕಣ್ಣಲ್ಲೂ ನೀರು.

ಯಾರು ಇವರು ಅಂತ ಕೇಳಿದೆ. ಆ ರಾತ್ರಿ ಅರ್ಧಕ್ಕಿಂತ ಹೆಚ್ಚು ಆಟ ನೋಡಲೇ ಇಲ್ಲ. ತಾತ ಹೇಳ್ತಾ ಹೋದರು, ನಾನು ಕೇಳ್ತಾ ಹೋದೆ. ಆಮೇಲೆ ಚಳಿಗಾಲ ಪೂರ್ತಿ ಅವರ ಬಗ್ಗೆ ಸಿಕ್ಕಿದ್ದೆಲ್ಲ ಓದಿದೆ, ಹಳೇ ಪಂದ್ಯಗಳನ್ನು ಹುಡುಕಿ ನೋಡಿದೆ. ಬರೆಯಬೇಕು ಅನ್ನಿಸಿ ಬಹಳ ದಿನ ಆಗಿತ್ತು.

ಬೋರ್ಯೆ ಸಾಲ್ಮಿಂಗ್ ಹುಟ್ಟಿದ್ದು 1951ರಲ್ಲಿ, ಸ್ವೀಡನ್ನಿನ ಉತ್ತರದ ತುದಿಯ ಕಿರುನಾ ಕಡೆ. ಕಬ್ಬಿಣದ ಗಣಿಯ ಊರು ಅದು. ಚಳಿಗಾಲದಲ್ಲಿ ಕೆಲವು ವಾರ ಅಲ್ಲಿ ಸೂರ್ಯನೇ ಹುಟ್ಟೋದಿಲ್ಲ. ತಂದೆ ಕಡೆಯವರು ಹಿಮಸಾರಂಗ ಸಾಕುವ ಸಾಮಿ ಜನ. ಬೋರ್ಯೆಗೆ ಐದು ವರ್ಷ ಆಗಿದ್ದಾಗ ತಂದೆ ಗಣಿಯ ಅಪಘಾತದಲ್ಲಿ ತೀರಿಕೊಂಡರು. ಅಣ್ಣ ಸ್ಟಿಗ್ ಹಾಕಿ ಆಡುತ್ತಿದ್ದರು, ತಮ್ಮನೂ ಹಿಂದೆಯೇ ಹೋದರು. ಯೆವ್ಲೆ ಊರಿನ ಬ್ರಿನೆಸ್ ತಂಡ ಸೇರಿ 1971, 1972 ಎರಡೂ ವರ್ಷ ಸ್ವೀಡನ್ ಚಾಂಪಿಯನ್ ಆದರು.

ಲೀಫ್ಸ್ ತಂಡಕ್ಕೆ ಹೊಸ ಆಟಗಾರರನ್ನು ಹುಡುಕುವ ಸ್ಕೌಟ್ ಜೆರ್ರಿ ಮೆಕ್‌ನಮಾರಾ ಸ್ವೀಡನ್ನಿಗೆ ಹೋಗಿದ್ದು ಇವರನ್ನು ನೋಡೋಕೆ ಅಲ್ಲ. ಇಂಗೆ ಹಮ್ಮರ್‌ಸ್ಟ್ರೋಮ್ ಅನ್ನೋ ಫಾರ್ವರ್ಡ್ ಆಟಗಾರನ ಮೇಲೆ ಅವರ ಕಣ್ಣಿತ್ತು. ನೋಡೋಕೆ ಹೋದ ಪಂದ್ಯದಲ್ಲಿ ಸಾಲ್ಮಿಂಗ್ ಕಣ್ಣಿಗೆ ಬಿದ್ದರು. 1973ರಲ್ಲಿ ಇಬ್ಬರೂ ಟೊರಾಂಟೊಗೆ ಬಂದಿಳಿದರು.

ನಾನು ಮಡಿಕೇರಿಯಲ್ಲಿ ಬೆಳೆದವನು, ಹಾಕಿ ಅಂದರೇನು ಅಂತ ನನಗೆ ಗೊತ್ತು ಅಂದುಕೊಂಡಿದ್ದೆ. ಐಸ್ ಹಾಕಿ ಬೇರೆಯೇ ಆಟ. ಇಲ್ಲಿ ಚೆಂಡಿಲ್ಲ. ಗಟ್ಟಿ ರಬ್ಬರಿನ ಬಿಲ್ಲೆ ಇದೆ, ಪಕ್ ಅಂತಾರೆ, ಸುಮಾರು 170 ಗ್ರಾಂ ತೂಕ. ಆಟಕ್ಕೆ ಮುಂಚೆ ಅದನ್ನು ಫ್ರೀಜರಿನಲ್ಲಿಟ್ಟು ಗಡ್ಡೆ ಕಟ್ಟಿಸುತ್ತಾರೆ, ಐಸ್ ಮೇಲೆ ಪುಟಿಯಬಾರದು ಅಂತ. ಜೋರಾಗಿ ಹೊಡೆದರೆ ಗಂಟೆಗೆ 150 ಕಿಲೋಮೀಟರ್ ದಾಟಿ ಹೋಗುತ್ತದೆ. ಎದುರಾಳಿಯನ್ನು ಮೈಯಿಂದ ಗುದ್ದಿ ಗೋಡೆಗೆ ಒತ್ತೋದು ಇಲ್ಲಿ ನಿಯಮದ ಒಳಗೇ ಬರುತ್ತದೆ. ಡಿಫೆನ್ಸ್‌ಮನ್ ಆದವರು ಗೋಲಿ (ಅಂದರೆ ಗೋಲ್ ಕೀಪರ್) ಮುಂದೆ ನಿಂತು ಇದೆಲ್ಲವನ್ನೂ ತಡೆಯಬೇಕು, ಪಕ್ ಕಿತ್ತುಕೊಂಡು ಮುಂದಕ್ಕೂ ಕೊಡಬೇಕು. ಸಾಲ್ಮಿಂಗ್ ಎದುರಾಳಿ ಹೊಡೆಯುವ ಮುಂಚೆಯೇ ಐಸ್ ಮೇಲೆ ಅಡ್ಡ ಬಿದ್ದು ಮೈಯನ್ನೇ ಪಕ್‌ಗೆ ಒಡ್ಡುತ್ತಿದ್ದರು. ಒಂದೆರಡು ಸಲ ಅಲ್ಲ, ಪಂದ್ಯದ ಮೇಲೆ ಪಂದ್ಯ, 16 ವರ್ಷ.

ಆ ಕಾಲದಲ್ಲಿ ಎನ್‌ಎಚ್‌ಎಲ್ ಅನ್ನೋ ಅಮೆರಿಕ-ಕೆನಡಾದ ದೊಡ್ಡ ಲೀಗಿನಲ್ಲಿ ಹೆಚ್ಚುಕಡಿಮೆ ಎಲ್ಲರೂ ಕೆನಡಾದವರೇ. ಯುರೋಪಿನಿಂದ ಬಂದ ಒಬ್ಬಿಬ್ಬರು ಮುಂಚೆ ಆಡಿದ್ದರು, ಆದರೆ ಅವರಲ್ಲಿ ಯಾರೂ ದೊಡ್ಡ ಹೆಸರು ಮಾಡಿರಲಿಲ್ಲ. ಸ್ವೀಡನ್ನಿನವರು ಚೆನ್ನಾಗಿ ಸ್ಕೇಟ್ ಮಾಡ್ತಾರೆ, ಆದರೆ ಪುಕ್ಕಲರು, ಹೊಡೆತ ತಿನ್ನೋಕಾಗಲ್ಲ ಅನ್ನೋದು ಇಲ್ಲಿನ ಗಟ್ಟಿ ನಂಬಿಕೆ. 'ಚಿಕನ್ ಸ್ವೀಡ್' ಅಂತಲೇ ಕರೀತಿದ್ದರು. ಎದುರಾಳಿಗಳಷ್ಟೇ ಅಲ್ಲ, ಸ್ವಂತ ತಂಡದ ಮಾಲೀಕ ಹೆರಾಲ್ಡ್ ಬಲ್ಲಾರ್ಡ್ ಕೂಡ ಹಮ್ಮರ್‌ಸ್ಟ್ರೋಮ್ ಬಗ್ಗೆ ಆಡಿಕೊಂಡರು. ಜೇಬಿನಲ್ಲಿ ಮೊಟ್ಟೆ ಇಟ್ಟು ರಿಂಕಿನ ಮೂಲೆಗೆ ಕಳಿಸಿದರೂ ಒಂದೂ ಒಡೆಯಲ್ಲ ಅಂದರು. ದೂರದ ದೇಶದಿಂದ ಕರೆಸಿಕೊಂಡ ಹುಡುಗನ ಬಗ್ಗೆ ಆಡೋ ಮಾತಾ ಇದು? ಓದಿದಾಗ ನನಗೆ ನಿಜವಾಗಿಯೂ ಸಿಟ್ಟು ಬಂತು.

ಸಾಲ್ಮಿಂಗ್ ಅವರ ಎರಡನೇ ಪಂದ್ಯವೇ ಫಿಲಡೆಲ್ಫಿಯಾದಲ್ಲಿ. ಹೊಡೆದಾಟಕ್ಕೆ ಹೆಸರಾದ ತಂಡ ಅದು. ಅವತ್ತಿನಿಂದಲೇ ಕೋಲಿನ ಏಟು, ಮೊಣಕೈ ಗುದ್ದು, ಬೈಗುಳ ಶುರು. ಡೇವ್ ಶುಲ್ಟ್ಜ್ ಅನ್ನೋ ಹೊಡೆದಾಟದವನೇ ಮೈಮೇಲೆ ಬಿದ್ದ. ಸಾಲ್ಮಿಂಗ್ ಹಿಂದೆ ಸರಿಯಲಿಲ್ಲ. ಅದು ಅಲ್ಲಿಗೆ ಮುಗಿಯಲೂ ಇಲ್ಲ, ಊರೂರಿಗೆ ಹೋದಾಗಲೂ ಅದೇ ಪರೀಕ್ಷೆ, ವರ್ಷಗಟ್ಟಲೆ. ಬೇರೆ ದೇಶಕ್ಕೆ ಬಂದು ಕೆಲಸ ಮಾಡೋ ನಮ್ಮಂಥವರಿಗೆ ಇದರ ಒಂದು ಸಣ್ಣ ಪಾಲು ಗೊತ್ತಿರುತ್ತದೆ. ನಮ್ಮ ಕೆಲಸ ಚೆನ್ನಾಗಿದ್ದರೂ ಮತ್ತೊಮ್ಮೆ ತೋರಿಸು ಅಂತಾರಲ್ಲ, ಅದು. ಆದರೆ ನಮಗ್ಯಾರೂ ಕೋಲಿನಲ್ಲಿ ಹೊಡೆಯೋದಿಲ್ಲ.

1976ರ ಏಪ್ರಿಲ್‌ನಲ್ಲಿ ಲೀಗಿನ ಕೊನೆಯ ನಾಕೌಟ್ ಹಂತವಾದ ಪ್ಲೇಆಫ್‌ಗೆ ಮತ್ತೆ ಫಿಲಡೆಲ್ಫಿಯಾನೇ ಎದುರು. ಮೂರನೇ ಪಂದ್ಯದಲ್ಲಿ ಮೆಲ್ ಬ್ರಿಜ್‌ಮನ್ ಅನ್ನೋ ಆಟಗಾರ ಸಾಲ್ಮಿಂಗ್‌ಗೆ ಎಷ್ಟು ಹೊಡೆದನೆಂದರೆ, ಒಂಟಾರಿಯೋ ಸರ್ಕಾರ ಅವನ ಮೇಲೆ ಕೇಸು ಹಾಕಿತು. ನಾಲ್ಕನೇ ಪಂದ್ಯಕ್ಕೆ ಸಾಲ್ಮಿಂಗ್ ಬಂದರು. ನಾಯಕ ಡ್ಯಾರಿಲ್ ಸಿಟ್ಲರ್ ಕೊಟ್ಟ ಪಾಸ್ ಹಿಡಿದು ಒಬ್ಬರೇ ನುಗ್ಗಿ, ಆ ಕಾಲದ ದೊಡ್ಡ ಗೋಲಿ ಬರ್ನಿ ಪೇರೆಂಟ್ ಅವರನ್ನು ದಾಟಿಸಿ ಗೋಲು ಹೊಡೆದರು. ಕ್ರೀಡಾಂಗಣ ನಿಮಿಷಗಟ್ಟಲೆ ಕೂಗ್ತಾನೇ ಇತ್ತಂತೆ. ತಾತ ಆ ಗೋಲನ್ನು ವರ್ಣಿಸುವಾಗ ಕೂತಲ್ಲೇ ಭುಜ ಅಲ್ಲಾಡಿಸುತ್ತಿದ್ದರು. ಆ ಸರಣಿ ಲೀಫ್ಸ್ ಗೆಲ್ಲಲಿಲ್ಲ, ಏಳನೇ ಪಂದ್ಯದಲ್ಲಿ ಸೋತರು.

ಅದೇ ವರ್ಷ ಸೆಪ್ಟೆಂಬರಿನಲ್ಲಿ ಮೊದಲ ಕೆನಡಾ ಕಪ್, ದೇಶ ದೇಶಗಳ ನಡುವಿನ ಟೂರ್ನಿ. ಟೊರಾಂಟೊದ ಮೇಪಲ್ ಲೀಫ್ ಗಾರ್ಡನ್ಸ್‌ನಲ್ಲಿ ಕೆನಡಾ ಎದುರು ಸ್ವೀಡನ್. ಸಾಲ್ಮಿಂಗ್ ಹಳದಿ ಅಂಗಿ ಹಾಕಿ ಬಂದರು, ಎದುರಾಳಿಯಾಗಿ. ಅವರ ಹೆಸರು ಕೂಗಿದ ಕೂಡಲೇ ಕೆನಡಾದ ಜನ ಎದ್ದು ನಿಂತು ಚಪ್ಪಾಳೆ ಹೊಡೆದರು. ಸ್ವಂತ ದೇಶದ ತಂಡ ಎದುರಿಗಿರುವಾಗ! ಮೂರು ವರ್ಷದ ಹಿಂದೆ ಪುಕ್ಕಲ ಅಂದವರಿದ್ದ ದೇಶ ಅಲ್ವಾ ಇದು? ಆ ಹಳೇ ವೀಡಿಯೋ ನಾನು ಎಷ್ಟು ಸಲ ನೋಡಿದ್ದೀನೋ ಲೆಕ್ಕ ಇಲ್ಲ.

ಮಿಕ್ಕ ಲೆಕ್ಕ ಬೇಗ ಹೇಳಿಬಿಡುತ್ತೀನಿ. ಲೀಫ್ಸ್‌ಗೆ 1,099 ಪಂದ್ಯ, 148 ಗೋಲು, 620 ಅಸಿಸ್ಟ್ (ಗೋಲಾಗುವ ಹಾಗೆ ಕೊಟ್ಟ ಪಾಸ್). 1989–90ರಲ್ಲಿ ಒಂದು ವರ್ಷ ಡೆಟ್ರಾಯ್ಟ್‌ನಲ್ಲಿ ಆಡಿದರು, ಅದೂ ಸೇರಿ ಲೀಗಿನಲ್ಲಿ ಒಟ್ಟು 1,148 ಪಂದ್ಯ. ಅಲ್ಲಿ ಸಾವಿರ ಪಂದ್ಯ ಮುಟ್ಟಿದ ಮೊದಲ ಯುರೋಪಿಯನ್ ಅವರೇ. ಅತ್ಯುತ್ತಮ ಡಿಫೆನ್ಸ್‌ಮನ್‌ಗೆ ಕೊಡುವ ನಾರಿಸ್ ಟ್ರೋಫಿಗೆ ಎರಡು ಸಲ ಎರಡನೇ ಸ್ಥಾನ. ಲೀಗ್ ಗೆದ್ದವರಿಗೆ ಕೊಡುವ ಸ್ಟ್ಯಾನ್ಲಿ ಕಪ್ ಸಿಗಲೇ ಇಲ್ಲ. 1978ರಲ್ಲಿ ಸೆಮಿಫೈನಲ್‌ವರೆಗೆ ಹೋದರು, ಆದರೆ ಅದಕ್ಕೆ ಹಿಂದಿನ ಸುತ್ತಿನಲ್ಲೇ ಎದುರಾಳಿಯ ಕೋಲು ಕಣ್ಣಿಗೆ ತಾಗಿ ಸಾಲ್ಮಿಂಗ್ ಹೊರಗೆ ಕೂತಿದ್ದರು.

1986 ಕೆಟ್ಟ ವರ್ಷ. ಹಿಂದೊಮ್ಮೆ ಕೊಕೇನ್ ತೆಗೆದುಕೊಂಡಿದ್ದೆ ಅಂತ ಪತ್ರಿಕೆಯೊಂದಕ್ಕೆ ತಾವಾಗಿಯೇ ಹೇಳಿದರು. ಲೀಗ್ ಅಮಾನತು ಮಾಡಿತು, ಕೊನೆಗೆ ಅದು ಎಂಟು ಪಂದ್ಯಕ್ಕೆ ಇಳಿಯಿತು. ತಪ್ಪನ್ನು ಮುಚ್ಚಿಡದೆ ಹೇಳಿದ್ದು ನನಗೆ ದೊಡ್ಡದಾಗಿಯೇ ಕಾಣುತ್ತದೆ. ಅದೇ ನವೆಂಬರಿನಲ್ಲಿ ಗೋಲ್ ಮುಂದಿನ ನೂಕುನುಗ್ಗಲಲ್ಲಿ ಕೆಳಗೆ ಬಿದ್ದಾಗ ಇನ್ನೊಬ್ಬ ಆಟಗಾರನ ಸ್ಕೇಟ್ ಅಲಗು ಮುಖದ ಮೇಲೆ ಹಾದುಹೋಯಿತು. 200ಕ್ಕೂ ಜಾಸ್ತಿ ಹೊಲಿಗೆ. ಕಣ್ಣಿನ ಮೇಲಿಂದ ಬಾಯಿಯವರೆಗೆ ಹೊಲಿಗೆ ಹಾಕಿದ ಆ ಮುಖದ ಫೋಟೋ ಇವತ್ತಿಗೂ ನೋಡೋಕೆ ಕಷ್ಟ. ಅದಾದ ಮೇಲೂ ಆಡಿದರು. ಆಮೇಲೆ ಸ್ವೀಡನ್ನಿಗೆ ವಾಪಸ್ ಹೋಗಿ ಅಲ್ಲೂ ಆಡಿದರು, 1992ರ ಒಲಿಂಪಿಕ್ಸ್‌ನಲ್ಲಿ ಸ್ವೀಡನ್ ಪರ ಇಳಿದಾಗ ವಯಸ್ಸು 40.

1996ರಲ್ಲಿ ಟೊರಾಂಟೊದ ಹಾಕಿ ಹಾಲ್ ಆಫ್ ಫೇಮ್‌ಗೆ ಸೇರಿಸಿಕೊಂಡರು, ಅಲ್ಲಿಗೆ ಹೋದ ಮೊದಲ ಸ್ವೀಡನ್ನಿಗ ಅವರು. 21ನೇ ನಂಬರಿನ ಅಂಗಿಯನ್ನು ಲೀಫ್ಸ್ 2016ರಲ್ಲಿ ಇನ್ಯಾರಿಗೂ ಕೊಡದ ಹಾಗೆ ಎತ್ತಿಟ್ಟಿತು.

2022ರ ಆಗಸ್ಟ್‌ನಲ್ಲಿ ಅವರಿಗೆ ಎಎಲ್ಎಸ್ ಅಂತ ಎಲ್ಲರಿಗೂ ಗೊತ್ತಾಯಿತು. ಸ್ನಾಯುಗಳಿಗೆ ಅಪ್ಪಣೆ ಕೊಡುವ ನರಗಳು ಒಂದೊಂದಾಗಿ ಸಾಯುವ ಕಾಯಿಲೆ, ಇದನ್ನು ವಾಸಿ ಮಾಡುವ ಔಷಧಿ ಇಲ್ಲ. ಮೂರು ತಿಂಗಳಲ್ಲಿ ಮಾತು ನಿಂತಿತ್ತು. ಆದರೂ ಅಟ್ಲಾಂಟಿಕ್ ದಾಟಿ ಟೊರಾಂಟೊಗೆ ಬಂದರು. ಅವತ್ತು ಅವರ ಕೈ ಎತ್ತಿ ಹಿಡಿದದ್ದು ಅದೇ ಸಿಟ್ಲರ್, 46 ವರ್ಷದ ಹಿಂದೆ ಆ ಪಾಸ್ ಕೊಟ್ಟವರು. ಇನ್ನೊಂದು ಪಕ್ಕ ನಿಂತವರು ಮ್ಯಾಟ್ಸ್ ಸುಂದೀನ್, ಸ್ವೀಡನ್ನಿನಿಂದ ಬಂದು ಲೀಫ್ಸ್ ನಾಯಕರಾದವರು. ಮಾರನೇ ದಿನ ವ್ಯಾಂಕೂವರ್ ಎದುರಿನ ಪಂದ್ಯಕ್ಕೆ ಲೀಫ್ಸ್ ಕೋಚ್ ಮೊದಲು ಐಸ್‌ಗೆ ಇಳಿಸಿದ್ದು ಬರೀ ಸ್ವೀಡನ್ನಿನ ಆಟಗಾರರನ್ನೇ. 1973ರಲ್ಲಿ ಇದ್ದದ್ದು ಇಬ್ಬರು. ಅವತ್ತು ಒಂದೇ ತಂಡದಲ್ಲಿ ಒಂದು ಪೂರ್ತಿ ಸಾಲು.

ನವೆಂಬರ್ 24ಕ್ಕೆ ಸಾಲ್ಮಿಂಗ್ ತೀರಿಕೊಂಡರು. 71 ವರ್ಷ. ಬೆಳಿಗ್ಗೆ ಹಿಮ ಎತ್ತೋಕೆ ಹೊರಗೆ ಬಂದಾಗ ನೋಡಿದೆ, ಪಕ್ಕದ ಮನೆಯ ವರಾಂಡದ ಕಂಬಕ್ಕೆ ತಾತ ಒಂದು ಹಳೇ ನೀಲಿ ಅಂಗಿ ಕಟ್ಟಿದ್ದರು. ಬಣ್ಣ ಮಾಸಿತ್ತು, ಬೆನ್ನಿನ ಮೇಲಿನ 21 ಮಾತ್ರ ರಸ್ತೆಯಿಂದಲೇ ಕಾಣುತ್ತಿತ್ತು.