ಕಾಫಿಯ ಊರು ನೋಡಲು ಅಪ್ಪನ ಜೊತೆ ಒಂದು ದಿನ

ಅಪ್ಪ ಮೈಸೂರಿನಲ್ಲಿ ಮೂವತ್ತೆಂಟು ವರ್ಷ ಕಾಫಿ ಪುಡಿ ಅಂಗಡಿ ನಡೆಸಿದವರು. ನಮ್ಮ ಶಾಲೆಯ ಯೂನಿಫಾರ್ಮಿಗೂ ಪುಸ್ತಕದ ಬೈಂಡಿಗೂ ಹುರಿದ ಬೀಜದ ವಾಸನೆ ಇರುತ್ತಿತ್ತು. ಮುಷ್ಟಿ ತುಂಬ ಬೀಜ ಎತ್ತಿ ಮೂಗಿಗೆ ಹಿಡಿದರೆ ಸಾಕು, ಹಳೆಯ ಮಾಲೋ ಹೊಸದೋ, ಮಳೆಗೆ ಸಿಕ್ಕಿದೆಯೋ ಇಲ್ಲವೋ ಹೇಳಿಬಿಡುತ್ತಿದ್ದರು. ಅಂಥವರು ಗಿಡದ ಮೇಲೆ ಕಾಫಿ ಹಣ್ಣಾಗಿರುವುದನ್ನು ಒಮ್ಮೆಯೂ ಹತ್ತಿರದಿಂದ ನೋಡಿರಲಿಲ್ಲ. ಕೊಡಗು ನಮ್ಮ ಮನೆಯಿಂದ ಬರೀ ಮೂರು ಗಂಟೆಯ ದಾರಿ. ಕೊಯ್ಲಿನ ತಿಂಗಳುಗಳಲ್ಲೇ ಅಂಗಡಿಯಲ್ಲಿ ಮದುವೆ, ಹಬ್ಬದ ಗಿರಾಕಿ ಜಾಸ್ತಿ. ಹೀಗೇ ವರ್ಷಗಳು ಉರುಳಿದವು.

ಮೂರು ವರ್ಷದ ಹಿಂದೆ ಒಂದು ಪ್ಯಾಕೇಜ್ ಬಸ್ಸಿನಲ್ಲಿ ಕರೆದುಕೊಂಡು ಹೋಗಿದ್ದೆ. ಕಾರ್ಯಕ್ರಮದ ಪಟ್ಟಿಯಲ್ಲಿ 'ಕಾಫಿ ತೋಟ ಭೇಟಿ' ಎಂದು ಸ್ಪಷ್ಟವಾಗಿ ಅಚ್ಚಾಗಿತ್ತು. ಒಂದೇ ದಿನದಲ್ಲಿ ಬೈಲುಕುಪ್ಪೆ, ದುಬಾರೆ, ಅಬ್ಬಿ ಜಲಪಾತ, ರಾಜಾಸೀಟು ಎಲ್ಲ ಮುಗಿಸುವ ಆತುರ. ತೋಟದ ಭೇಟಿ ಅಂದರೆ ರಸ್ತೆ ಬದಿಯ ಮಸಾಲೆ ಅಂಗಡಿಯ ಮುಂದೆ ಇಪ್ಪತ್ತು ನಿಮಿಷ ನಿಲ್ಲಿಸಿದ್ದು. ಅಂಗಡಿಯ ಹಿಂದೆ ನಾಲ್ಕು ಗಿಡ, ಅದಕ್ಕೂ ಬೇಲಿ. ಅಪ್ಪ ಬೇಲಿಯ ಈಚೆ ನಿಂತು ನೋಡಿ ಸುಮ್ಮನೆ ಬಸ್ ಹತ್ತಿದರು. ಆ ಮೌನ ನನ್ನನ್ನು ತುಂಬ ದಿನ ಕಾಡಿತು.

ಹಾಗಾಗಿ ಈ ಜನವರಿಯಲ್ಲಿ ನಾವೇ ಒಂದು ಕಾರು ಮಾಡಿಕೊಂಡೆವು. ನಾನು, ಅಪ್ಪ, ಡ್ರೈವರ್, ಮೂರೇ ಜನ. ಅಪ್ಪನ ಹಳೆಯ ಗಿರಾಕಿಯೊಬ್ಬರ ಸಂಬಂಧಿಕರದು ಸುಂಟಿಕೊಪ್ಪದ ಹತ್ತಿರ ತೋಟವಿತ್ತು. ಫೋನ್ ಮಾಡಿ ಕೇಳಿದಾಗ "ಬನ್ನಿ, ಊಟಕ್ಕೂ ಇಲ್ಲೇ ಇರಿ" ಅಂದರು. ನೋಡುವುದು ಒಂದೇ ತೋಟ. ಬೇರೆ ಎಲ್ಲೂ ನಿಲ್ಲುವುದಿಲ್ಲ ಅಂತ ಮೊದಲೇ ತೀರ್ಮಾನ ಮಾಡಿಕೊಂಡಿದ್ದೆವು. ಖಾಸಗಿ ಕಾರಿಗೆ ದುಡ್ಡು ಹೆಚ್ಚಾಗುತ್ತದೆ, ನಿಜ. ಆದರೆ ವಯಸ್ಸಾದವರನ್ನು ಕರೆದುಕೊಂಡು ಹೋಗುವಾಗ ಅವರಿಗೆ ಬೇಕಾದ ಕಡೆ ಬೇಕಾದಷ್ಟು ಹೊತ್ತು ನಿಲ್ಲಬಹುದು. ಆ ಒಂದು ಕಾರಣಕ್ಕೇ ಕೊಟ್ಟ ದುಡ್ಡು ಸಾರ್ಥಕ.

ಬೆಳಿಗ್ಗೆ ಐದೂವರೆಗೆ ಹೊರಟೆವು. ಹುಣಸೂರಿನಲ್ಲಿ ಇಡ್ಲಿ ತಿಂದು, ಪಿರಿಯಾಪಟ್ಟಣ ದಾಟುವಾಗ ಮಂಜು ಇನ್ನೂ ಹೊಲದ ಮೇಲೇ ಇತ್ತು. ಕುಶಾಲನಗರದ ಬಳಿ ಕಾವೇರಿ ಸೇತುವೆ ದಾಟಿದರೆ ಕೊಡಗು ಜಿಲ್ಲೆ. ಆನೆಕಾಡು ಬಂದ ಮೇಲೆ ಗಾಳಿ ತಣ್ಣಗಾಯಿತು. ಅಪ್ಪ ಕಿಟಕಿ ಇಳಿಸಿ ಕೂತರು. ಸುಂಟಿಕೊಪ್ಪ ಹತ್ತಿರವಾಗುತ್ತಿದ್ದಂತೆ ರಸ್ತೆಯ ಎರಡೂ ಬದಿ ಸಿಲ್ವರ್ ಓಕ್ ಮರಗಳು, ಅವಕ್ಕೆ ಹಬ್ಬಿದ ಮೆಣಸಿನ ಬಳ್ಳಿ, ಅವುಗಳ ಕೆಳಗೆ ಕಾಫಿ.

ತೋಟದ ಯಜಮಾನರಿಗೆ ಐವತ್ತೈದರ ಆಸುಪಾಸು. ಗೇಟಿನವರೆಗೆ ಬಂದು ಅಪ್ಪನ ಕೈ ಹಿಡಿದುಕೊಂಡು ಒಳಗೆ ಕರೆದರು. ಮೊದಲು ಬೆಲ್ಲದ ಕಾಫಿ ಬಂತು. ಹಾಲಿಲ್ಲ, ಬೆಲ್ಲ ಹಾಕಿದ ಕಪ್ಪು ಕಾಫಿ, ದೊಡ್ಡ ಲೋಟದ ತುಂಬ. ಮನೆಯಲ್ಲಿ ಹಾಲಿಲ್ಲದ ಕಾಫಿಯನ್ನು ಮುಟ್ಟದ ಅಪ್ಪ ಅದನ್ನು ಪೂರ್ತಿ ಕುಡಿದರು.

ಆಮೇಲೆ ತೋಟಕ್ಕೆ ಇಳಿದೆವು. ಕಾಫಿಯಲ್ಲಿ ಮುಖ್ಯವಾಗಿ ಎರಡು ಜಾತಿ, ಅರೇಬಿಕಾ ಮತ್ತು ರೋಬಸ್ಟಾ. ಇಲ್ಲಿ ಅರೇಬಿಕಾ ಕೊಯ್ಲು ಕೊನೆಯ ಹಂತದಲ್ಲಿತ್ತು. ನವೆಂಬರ್‌ನಲ್ಲಿ ಶುರುವಾದರೆ ಒಂದೇ ಗಿಡಕ್ಕೆ ಮೂರ್ನಾಲ್ಕು ಸಲ ಬರಬೇಕು ಅಂದರು. ಎಲ್ಲ ಹಣ್ಣೂ ಒಟ್ಟಿಗೆ ಮಾಗುವುದಿಲ್ಲ, ಕೆಂಪಾದದ್ದನ್ನು ಮಾತ್ರ ಆರಿಸಿ ಕುಯ್ಯಬೇಕು, ಹಸಿರು ಕಾಯಿ ಸೇರಿದರೆ ಲೋಟದಲ್ಲಿ ಒಗರು ಬರುತ್ತದೆ. ಗಿಡದ ಹತ್ತಿರ ಕೆಲಸ ಮಾಡುತ್ತಿದ್ದ ಹೆಂಗಸರ ಸೊಂಟಕ್ಕೆ ಚೀಲ ಕಟ್ಟಿತ್ತು. ಬೆರಳುಗಳು ಕೊಂಬೆಯ ಮೇಲೆ ಎಷ್ಟು ಚುರುಕಾಗಿ ಓಡಾಡುತ್ತಿದ್ದವೆಂದರೆ, ಯಾವುದನ್ನು ಬಿಟ್ಟರು ಯಾವುದನ್ನು ಕಿತ್ತರು ಎಂದು ನನ್ನ ಕಣ್ಣಿಗೆ ಸಿಗಲಿಲ್ಲ. ಐದಾರು ಕಿಲೋ ಹಣ್ಣು ಕಿತ್ತರೆ ಒಂದು ಕಿಲೋ ಬೀಜ. ಹುರಿದಾಗ ಅದರಲ್ಲೂ ನೂರಕ್ಕೆ ಹದಿನೈದರಿಂದ ಇಪ್ಪತ್ತು ಪಾಲು ತೂಕ ಇಳಿಯುತ್ತದೆ. ಆ ಎರಡನೆಯ ಲೆಕ್ಕ ಅಪ್ಪನಿಗೆ ಬಾಯಿಪಾಠ. ಮೊದಲನೆಯದನ್ನು ಅಂದೇ ಕೇಳಿದ್ದು. "ನನ್ನ ಅಂಗಡಿಯಲ್ಲಿ ಒಂದು ಕಿಲೋ ಪುಡಿ ಕಟ್ಟಿಕೊಟ್ಟಾಗ ಇಷ್ಟು ಬೆರಳು ಓಡಾಡಿರ್ತಿತ್ತಾ" ಎಂದು ಮೆಲ್ಲಗೆ ಕೇಳಿಕೊಂಡರು.

ಯಜಮಾನರು ಒಂದು ಕೆಂಪು ಹಣ್ಣು ಕಿತ್ತು ಅಪ್ಪನ ಕೈಗಿಟ್ಟರು. ಅಪ್ಪ ಹೆಬ್ಬೆರಳಲ್ಲಿ ಒತ್ತಿದರು. ಸಿಪ್ಪೆ ಬಿರಿದು ಎರಡು ಬೀಜ ಜಾರಿ ಹೊರಬಂದವು. ಒಂದರ ಚಪ್ಪಟೆ ಮೈ ಇನ್ನೊಂದಕ್ಕೆ ಅಂಟಿಕೊಂಡಿತ್ತು, ಮೇಲೆಲ್ಲ ಲೋಳೆ. ಬಾಯಿಗೆ ಹಾಕಿಕೊಂಡು "ಸಿಹಿ ಇದೆಯಲ್ಲ!" ಅಂದರು. ಇನ್ನೊಂದು ಹಣ್ಣು ಒತ್ತಿದಾಗ ಒಂದೇ ಬೀಜ, ಬಟಾಣಿಯ ಹಾಗೆ ಗುಂಡಗೆ. "ಪೀಬೆರಿ!" ನಾನು ಅಪ್ಪನ ದನಿ ಅಷ್ಟು ಜೋರಾಗಿದ್ದನ್ನು ವರ್ಷಗಳಿಂದ ಕೇಳಿರಲಿಲ್ಲ. ಪೀಬೆರಿ ಬೇಕು ಎಂದು ಹುಡುಕಿಕೊಂಡು ಬರುವ ಗಿರಾಕಿಗಳಿಗೆ ಜೀವಮಾನವಿಡೀ ತೂಗಿಕೊಟ್ಟವರು, ಅದು ಹಣ್ಣಿನೊಳಗೆ ಒಂಟಿಯಾಗಿ ಮಲಗಿರುವುದನ್ನು ನೋಡಿದ್ದು ಎಪ್ಪತ್ತೆರಡನೆಯ ವಯಸ್ಸಿನಲ್ಲಿ.

ಕಣದ ಪಕ್ಕದಲ್ಲೇ ಪಲ್ಪರ್ ಮನೆ. ಕೊಯ್ದ ದಿನವೇ ಹಣ್ಣಿನ ಸಿಪ್ಪೆ ಬಿಡಿಸಿ ಬೀಜವನ್ನು ತೊಟ್ಟಿಗೆ ಬಿಡುತ್ತಾರೆ. ಬೀಜಕ್ಕೆ ಅಂಟಿದ ಲೋಳೆ ಅಲ್ಲೇ ಹುಳಿ ಬಂದು ಕರಗಬೇಕು. ಅರೇಬಿಕಾಕ್ಕೆ ಸಾಮಾನ್ಯವಾಗಿ ಒಂದು ದಿನದಿಂದ ಒಂದೂವರೆ ದಿನ, ಚಳಿ ಜಾಸ್ತಿ ಇದ್ದರೆ ಇನ್ನೂ ಸ್ವಲ್ಪ ಹೊತ್ತು. ಆದದ್ದು ಗೊತ್ತಾಗುವುದು ಹೇಗೆ ಅಂದೆ. ಅವರು ತೊಟ್ಟಿಗೆ ಕೈ ಹಾಕಿ ಒಂದು ಹಿಡಿ ತೆಗೆದು ನೀರಿನಲ್ಲಿ ಅದ್ದಿ ಹಿಸುಕಿದರು. ಬೀಜ ಜಾರಲಿಲ್ಲ. ಸಣ್ಣ ಜಲ್ಲಿ ಕಲ್ಲು ಒಂದಕ್ಕೊಂದು ಉಜ್ಜಿದ ಹಾಗೆ ಕರಕರ ಅಂದಿತು. "ಈ ಸದ್ದು ಬಂದರೆ ತೊಳೆಯೋ ಹೊತ್ತು. ತಡ ಮಾಡಿದರೆ ಬೀಜಕ್ಕೇ ಹುಳಿ ಹಿಡಿಯುತ್ತೆ, ಆ ನಾತ ಹುರಿದರೂ ಹೋಗಲ್ಲ." ಅಪ್ಪ ತಕ್ಷಣ ತಲೆಯಾಡಿಸಿದರು. ಅಂಥ ನಾತದ ಚೀಲಗಳನ್ನು ಅವರು ಎಷ್ಟೋ ಸಲ ವಾಪಸ್ ಕಳಿಸಿದ್ದುಂಟು. ತಪ್ಪು ಯಾವ ಗಳಿಗೆಯಲ್ಲಿ ಆಗುತ್ತದೆ ಎಂಬುದು ಆ ತೊಟ್ಟಿಯ ಅಂಚಿನಲ್ಲಿ ನಿಂತಾಗ ತಿಳಿಯಿತು.

ಹೀಗೆ ತೊಳೆದು ಒಣಗಿಸಿದ ಅರೇಬಿಕಾಕ್ಕೆ ವ್ಯಾಪಾರದಲ್ಲಿ 'ಪ್ಲಾಂಟೇಶನ್' ಎಂದು ಹೆಸರು. ಹಣ್ಣನ್ನು ಹಾಗೆಯೇ ಒಣಗಿಸಿದರೆ 'ಚೆರ್ರಿ'. ತೊಳೆದ ರೋಬಸ್ಟಾ ಆದರೆ 'ಪಾರ್ಚ್‌ಮೆಂಟ್'. ಪ್ಲಾಂಟೇಶನ್ ಎ, ಪಿಬಿ ಅಂದರೆ ಪೀಬೆರಿ, ರೋಬಸ್ಟಾ ಚೆರ್ರಿ ಎಬಿ, ಈ ದರ್ಜೆಗಳೆಲ್ಲ ನಮ್ಮ ಮನೆಯ ಮಾತಿನಲ್ಲಿ ಬೆಳೆದ ಪದಗಳು. ನಾನು ಅಕ್ಷರ ಕಲಿತದ್ದು ಆ ಚೀಲಗಳ ಮೇಲೆ ಎನ್ನಬಹುದು.

ಕಣದಲ್ಲಿ ಕುರ್ಚಿ ಹಾಕಿಸಿಕೊಂಡು ಇಬ್ಬರೂ ಹಳೆಯ ಕಾಲದ ಮಾತಿಗಿಳಿದರು. ಆಗ ಕಾಫಿ ಮಂಡಳಿಯ ಪೂಲ್ ಇತ್ತು. ಬೆಳೆಗಾರರು ಬೆಳೆದದ್ದನ್ನೆಲ್ಲ ಮಂಡಳಿಗೇ ಒಪ್ಪಿಸಬೇಕು, ಮಂಡಳಿ ಹರಾಜು ಹಾಕಬೇಕು, ದುಡ್ಡು ಕಂತು ಕಂತಾಗಿ ಬರಬೇಕು. 1992ರಿಂದ ಹಿಡಿತ ಸಡಿಲವಾಗುತ್ತ ಬಂದು 1996ಕ್ಕೆ ಪೂರ್ತಿ ಮುಕ್ತವಾಯಿತು. "ನಮ್ಮ ಅಪ್ಪ ಎಷ್ಟು ಚೆನ್ನಾಗಿ ಬೆಳೆದರೂ ಪೂಲ್‌ಗೆ ಹೋದ ಮೇಲೆ ಎಲ್ಲರ ಕಾಫಿಯೂ ಒಂದೇ ರಾಶಿ" ಅಂದರು ಯಜಮಾನರು. ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದು ಹೇಳಿದರು: "ನನಗೆ ಬರ್ತಿದ್ದ ಚೀಲದ ಮೇಲೆ ದರ್ಜೆ ಇರ್ತಿತ್ತು. ಊರಿನ ಹೆಸರು ಇರ್ತಿರಲಿಲ್ಲ. ನಿಮ್ಮ ತಂದೆಯವರ ಕಾಫಿ ನಾನೇ ಮಾರಿದ್ದೇನೋ ಏನೋ."

ಇಬ್ಬರೂ ಒಣಗುತ್ತಿದ್ದ ಬೀಜವನ್ನೇ ನೋಡುತ್ತ ಕೂತರು. ನನಗೆ ಗಂಟಲು ಕಟ್ಟಿತು.

ದ್ರಾಕ್ಷಿಯ ವೈನಿಗೆ ಜಗತ್ತಿನಲ್ಲಿ ಊರಿನ ಹೆಸರೇ ಗುರುತು. ಆ ಊರುಗಳನ್ನು ನೋಡಲೆಂದೇ ಜನ ಒಂದು ದಿನದ ಕಾರು ಮಾಡಿಕೊಂಡು ಹೋಗುತ್ತಾರೆ, ತೋಟದ ಮನೆಯಲ್ಲಿ ರುಚಿ ನೋಡುತ್ತಾರೆ. ಭಾರತದಲ್ಲಿ ಅತಿ ಹೆಚ್ಚು ಕಾಫಿ ಬೆಳೆಯುವ ಜಿಲ್ಲೆ ನಮ್ಮ ಮಗ್ಗುಲಲ್ಲೇ ಇದೆ. 2019ರಲ್ಲಿ ಕೊಡಗಿನ ಅರೇಬಿಕಾಕ್ಕೆ ಭೌಗೋಳಿಕ ಗುರುತೂ ಸಿಕ್ಕಿದೆ. ಆದರೂ ಅಂಗಡಿಗೆ ಹೋಗಿ "ಇದು ಯಾವ ಊರಿನದು?" ಎಂದು ಕೇಳುವವರು ನಮ್ಮಲ್ಲಿ ಎಷ್ಟು ಮಂದಿ? ಅಪ್ಪನ ಅಂಗಡಿಯಲ್ಲಿ ಗಿರಾಕಿಗಳು ಕೇಳುತ್ತಿದ್ದದ್ದು ಚಿಕೋರಿ ಎಷ್ಟು ಅನ್ನುವುದೊಂದೇ.

ಊಟಕ್ಕೆ ಮುಂಚೆ ಯಜಮಾನರು ಮೂರು ಗಾಜಿನ ಲೋಟಗಳನ್ನು ಸಾಲಾಗಿ ಇಟ್ಟರು. ಮೂರಕ್ಕೂ ಒಂದೇ ತೂಕದ ಪುಡಿ, ಒಂದೇ ಕುದಿನೀರು, ಸೋಸುವುದಿಲ್ಲ. ನಾಲ್ಕು ನಿಮಿಷ ಬಿಟ್ಟು ಮೇಲೆ ಕಟ್ಟಿದ ಕೆನೆಯನ್ನು ಚಮಚದಲ್ಲಿ ಸರಿಸಿ ಮೂಗು ಹತ್ತಿರ ಒಯ್ಯಬೇಕು, ಆಮೇಲೆ ಚಮಚದಿಂದ ಸುರ್ರ್ ಎಂದು ಎಳೆದುಕೊಳ್ಳಬೇಕು. ಮೊದಲನೆಯದು ಅವರದೇ ತೋಟದ ತೊಳೆದ ಅರೇಬಿಕಾ. ಎರಡನೆಯದು ಅದೇ ಗಿಡದ್ದು, ಆದರೆ ಹಣ್ಣಿನ ಸಮೇತ ಒಣಗಿಸಿದ್ದು. ಮೂರನೆಯದು ಸಿದ್ದಾಪುರದ ಕಡೆಯ ರೋಬಸ್ಟಾ. ಯಾವುದು ಯಾವುದೆಂದು ಹೇಳದೆ ಕೊಟ್ಟರು. ಅಪ್ಪ ಎರಡನೆಯ ಲೋಟದ ಮುಂದೆ ನಿಂತುಬಿಟ್ಟರು. "ಇದರಲ್ಲಿ ಹಲಸಿನ ಹಣ್ಣಿನ ವಾಸನೆ ಇದೆ. ಗಟ್ಟಿ ತೊಳೆಯ ಬರಿಕೆ ಅಲ್ಲ, ಮೆತ್ತನೆಯ ತುಳುವ ಹಲಸು. ಪೂರ್ತಿ ಕಳಿತದ್ದು." ಯಜಮಾನರು ಜೋರಾಗಿ ನಕ್ಕರು, ಖುಷಿಯಿಂದ. ಹೊರದೇಶದ ಖರೀದಿದಾರರು ಏನೇನೋ ಹಣ್ಣಿನ ಹೆಸರು ಹೇಳುತ್ತಾರಂತೆ, ಆದರೆ ಯಜಮಾನರಿಗೂ ಆ ವಾಸನೆ ಹಲಸೇ ಅಂತ ಅನ್ನಿಸುತ್ತಿತ್ತಂತೆ. ತೋಟದ ನೆರಳಿಗೆ ಹಲಸು, ಅತ್ತಿ, ಹಾಲುವಾಣ ಎಲ್ಲ ಇದ್ದವು.

ಊಟಕ್ಕೆ ಅಕ್ಕಿ ಒಟ್ಟಿ ಅಂದರೆ ಅಕ್ಕಿ ರೊಟ್ಟಿ, ನೂಪುಟ್ಟು ಎನ್ನುವ ಅಕ್ಕಿ ಶಾವಿಗೆ, ಕುಂಬಳಕಾಯಿ ಪಲ್ಯ. ನಾವು ಮಾಂಸ ತಿನ್ನುವುದಿಲ್ಲ ಎಂದು ಮೊದಲೇ ತಿಳಿಸಿದ್ದರಿಂದ ಪಂದಿ ಕರಿಯ, ಅಂದರೆ ಹಂದಿ ಮಾಂಸದ ಸಾರಿನ ಪಾತ್ರೆಯನ್ನು ಆಚೆ ಮೇಜಿಗಿಟ್ಟು ನಮ್ಮ ಡ್ರೈವರಿಗೆ ಪ್ರೀತಿಯಿಂದ ಬಡಿಸಿದರು. ಅದಕ್ಕೆ ಹಾಕುವ ಕಚಂಪುಳಿಯ ಬಾಟಲಿ ನೋಡಿದೆ. ಹಣ್ಣಿನ ರಸವನ್ನು ಕಪ್ಪಾಗುವವರೆಗೆ ಕಾಯಿಸಿದ ಹುಳಿ, ಒಂದು ತೊಟ್ಟು ನಾಲಿಗೆಗೆ ತಾಗಿದರೆ ಕಿವಿಯವರೆಗೆ ಜುಮ್ಮೆನ್ನುತ್ತದೆ.

ಊಟವಾದ ಮೇಲೆ ಯಜಮಾನರ ತಾಯಿ ನನ್ನನ್ನು ಉಗ್ರಾಣಕ್ಕೆ ಕರೆದರು. ಎಂಬತ್ತು ದಾಟಿದ ಜೀವ, ನೆಟ್ಟಗೆ ನಡೆಯುತ್ತಿದ್ದರು. ಕತ್ತಲ ಮೂಲೆಯಲ್ಲಿ ಮೂರು ಭರಣಿ, ಬಾಯಿಗೆ ಬಿಳಿ ಬಟ್ಟೆ ಕಟ್ಟಿತ್ತು. ಒಂದು ದ್ರಾಕ್ಷಿ, ಒಂದು ನೆಲ್ಲಿಕಾಯಿ, ಒಂದು ಶುಂಠಿ. ಎಲ್ಲ ಮನೆಗೆ ಮತ್ತು ಬಂದವರಿಗೆ ಮಾತ್ರ. ದ್ರಾಕ್ಷಿಯ ಭರಣಿಯ ಬಟ್ಟೆ ಬಿಚ್ಚಿ "ಕಿವಿ ಕೊಡಮ್ಮ" ಅಂದರು. ಬಗ್ಗಿದೆ. ಒಳಗೆ ಸಣ್ಣ ಗುಳ್ಳೆಗಳು ಒಡೆಯುವ ಸದ್ದು, ದೂರದಲ್ಲಿ ಮಳೆ ಹಿಡಿದ ಹಾಗೆ. ಸಕ್ಕರೆ, ಒಂದು ಹಿಡಿ ಗೋಧಿ, ನಾಲ್ಕು ಲವಂಗ, ಚೂರು ಈಸ್ಟ್. ದಿನಕ್ಕೊಮ್ಮೆ ಮರದ ಸೌಟಿನಿಂದ ತಿರುವಬೇಕು, ಇಪ್ಪತ್ತೊಂದು ದಿನಕ್ಕೆ ಸೋಸಬೇಕು, ಆಮೇಲೆ ಬಾಟಲಿಯಲ್ಲಿ ತಿಂಗಳುಗಟ್ಟಲೆ ಅಲುಗಾಡಿಸದೆ ಬಿಡಬೇಕು. "ಅವಸರ ಮಾಡಿದರೆ ಮಡ್ಡಿ ಕುಡೀಬೇಕು" ಅಂದರು.

ಹಳೆಯ ನೆಲ್ಲಿಕಾಯಿ ವೈನನ್ನು ಚಿಕ್ಕ ಗ್ಲಾಸಿಗೆ ಹಾಕಿ ಕೊಟ್ಟರು. ಜೇನಿನ ಬಣ್ಣ. ಮೊದಲು ಸಿಹಿ, ನುಂಗಿದ ಮೇಲೆ ನೆಲ್ಲಿಯ ಒಗರು, ಆ ಒಗರಿನ ಹಿಂದೆ ಮತ್ತೆ ಸಿಹಿ. ಅಪ್ಪ ಕುಡಿಯುವವರಲ್ಲ. ಗ್ಲಾಸನ್ನು ಕೈಗೆ ತೆಗೆದುಕೊಂಡು ಮೂಸಿ ನೋಡಿ ಕೊಟ್ಟರು. "ಬೆಳಿಗ್ಗೆ ತೊಟ್ಟಿಯಲ್ಲಿ ಬಂತಲ್ಲ, ಅದೇ ವಾಸನೆ. ಅಲ್ಲಿ ಅದನ್ನ ಬೇಗ ನಿಲ್ಲಿಸ್ತಾರೆ, ಇಲ್ಲಿ ಬೆಳೆಯೋಕೆ ಬಿಡ್ತಾರೆ." ಆ ಅಜ್ಜಿ ಅಪ್ಪನನ್ನು ಮೆಚ್ಚಿಕೊಂಡು ನೋಡಿದ ನೋಟ ಇನ್ನೂ ಕಣ್ಣ ಮುಂದಿದೆ.

ಮೂರು ಗಂಟೆಗೆ ಹೊರಟೆವು. ಬಂದ ದಾರಿಯಲ್ಲೇ ಹೋಗದೆ ಚೆಟ್ಟಳ್ಳಿ, ಸಿದ್ದಾಪುರ, ಅಮ್ಮತ್ತಿ, ಗೋಣಿಕೊಪ್ಪ, ತಿತಿಮತಿ ಮೇಲೆ ಇಳಿದೆವು. ಚೆಟ್ಟಳ್ಳಿಯಲ್ಲಿ ಕಾಫಿ ಸಂಶೋಧನಾ ಉಪಕೇಂದ್ರದ ಫಲಕ ಕಂಡಿತು. ಸಿದ್ದಾಪುರಕ್ಕೆ ಕಾವೇರಿ ದಾಟಿದ ಮೇಲೆ ತೋಟದ ರೂಪವೇ ಬೇರೆ. ರೋಬಸ್ಟಾ ಗಿಡದ ಎಲೆ ಅಗಲ, ಕೊಂಬೆಗಳು ದಟ್ಟ, ಗೊಂಚಲು ಕೊಂಬೆಗೇ ಮೆತ್ತಿಕೊಂಡ ಹಾಗೆ. ಇಲ್ಲಿ ಕೊಯ್ಲು ಈಗಷ್ಟೇ ಶುರು, ಗಿಡದ ಕೆಳಗೆ ಟಾರ್ಪಾಲು ಹಾಸಿದ್ದರು. ಫೆಬ್ರವರಿ, ಮಾರ್ಚಿನಲ್ಲಿ ಹೂಮಳೆ ಬಿದ್ದ ಸುಮಾರು ಒಂದು ವಾರಕ್ಕೆ ಈ ತೋಟಗಳೆಲ್ಲ ಬೆಳ್ಳಗಾಗಿ ಮಲ್ಲಿಗೆಯಂಥ ಘಮ ಹರಡುತ್ತದಂತೆ. ಅದನ್ನು ನೋಡಲು ಇನ್ನೊಮ್ಮೆ ಬರಬೇಕು. ಈ ಕಡೆ ತೋಟದೊಳಗೇ ಆನೆಗಳು ಬಂದು ಉಳಿಯುತ್ತವೆ, ಕೂಲಿಗೆ ಹೋದವರು ಜೀವ ಕಳೆದುಕೊಂಡದ್ದೂ ಇದೆ. ಡ್ರೈವರ್ "ಅಕ್ಕ, ಕತ್ತಲಾಗೋ ಮುಂಚೆ ತಿತಿಮತಿ ದಾಟಿಬಿಡೋಣ" ಎಂದು ಎಲ್ಲೂ ನಿಲ್ಲಿಸಲಿಲ್ಲ. ಎಂಟೂವರೆಗೆ ಮನೆ ಸೇರಿದೆವು.

ಹೊರಡುವಾಗ ಯಜಮಾನರು ಇನ್ನೂ ಹುರಿಯದ ಹಸಿರು ಬೀಜ ಅರ್ಧ ಕಿಲೋ ಕಟ್ಟಿಕೊಟ್ಟಿದ್ದರು. ಮಾರನೆಯ ಬೆಳಿಗ್ಗೆ ನಾನು ಏಳುವಷ್ಟರಲ್ಲಿ ಮನೆಯೆಲ್ಲ ಹೊಗೆ. ಅಂಗಡಿ ಮುಚ್ಚಿದ ಮೇಲೆ ಮೊದಲ ಸಲ ಅಪ್ಪ ಕಬ್ಬಿಣದ ಬಾಣಲೆ ಇಟ್ಟು ಬೀಜ ಹುರಿಯುತ್ತಿದ್ದರು. ಆರಿದ ಮೇಲೆ ಡಬ್ಬಿಗೆ ತುಂಬಿ, ಅಂಗಡಿಯ ಕಾಲದ ನೀಲಿ ಪೆನ್ಸಿಲ್ ಹುಡುಕಿ ತಂದು, ದರ್ಜೆ ಬರೆಯುತ್ತಿದ್ದ ಜಾಗದಲ್ಲಿ 'ಸುಂಟಿಕೊಪ್ಪ' ಎಂದು ಬರೆದರು. ಅಮ್ಮ ಫಿಲ್ಟರ್ ತೊಳೆದು ತಂದು, ಎಂದಿನಂತೆ ಚಿಕೋರಿ ಡಬ್ಬಿಗೆ ಕೈ ಹಾಕಿದರು.

"ಇವತ್ತು ಬೇಡ" ಅಂದರು ಅಪ್ಪ.